ಕಿಟಾರಕ್ಕ ಕಿರುಚದ ಸಿನಿಮಾ

ಕಿಟಾರಕ್ಕ ಮಹಾ ಪುಕ್ಕಲು. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಅವಳ ಕಸುಬು ಏನೆಂದು ಕೇಳಿದವರೆಲ್ಲ ಅವಳನ್ನು ಭಾರಿ ಗಟ್ಟಿಗಿತ್ತಿ ಅಂದುಕೊಂಡುಬಿಡುತ್ತಾರೆ. ಕತ್ತಲಲ್ಲಿ ಅಡುಗೆಮನೆಗೆ ಹೋಗಿ ನೀರು ಕುಡಿಯಬೇಕಾದರೆ ಗಂಡನನ್ನು ಎಬ್ಬಿಸುವ ಹೆಂಗಸು ಅವಳು. ಹಗ್ಗದ ಮೇಲೆ ಒಣಹಾಕಿದ ಪ್ಯಾಂಟು ಗಾಳಿಗೆ ಕಾಲಾಡಿಸಿದರೂ ಅವಳ ಎದೆ ಧಸಕ್ಕೆನ್ನುತ್ತದೆ. ಇಂಥವಳು ಇಪ್ಪತ್ತು ವರ್ಷ ದೆವ್ವದ ಸಿನಿಮಾಗಳಲ್ಲಿ ಕಿರುಚಿ ಸಂಸಾರ ತೂಗಿಸಿದಳು. ತೆರೆಯ ಮೇಲೆ ಬಾಯಿ ತೆರೆಯುವವಳು ನಾಯಕಿ, ಕೇಳಿದವರ ಮೈ ಜುಮ್ಮೆನ್ನಿಸುವ ದನಿ ಇವಳದು. ಕಿಟಾರನೆ ಕಿರುಚುವವಳು ಎಂದು ಸ್ಟುಡಿಯೋದವರು ಕಿಟಾರಕ್ಕ ಅಂತ ಹೆಸರಿಟ್ಟರು. ಈಗ ಹಾಲಿನವನೂ ಹಾಗೇ ಕರೆಯುತ್ತಾನೆ.

ಮೊದಲು ಅವಳು ಗುಂಪಿನ ದನಿಗೆ ಬರುತ್ತಿದ್ದಳು. ಸಿನಿಮಾದಲ್ಲಿ ಬಸ್ ನಿಲ್ದಾಣವೋ ಆಸ್ಪತ್ರೆಯ ವರಾಂಡವೋ ಬಂದರೆ ಹಿಂದೆ ಗಿಜಿಗಿಜಿ ಮಾತು ಕೇಳಿಸುತ್ತದಲ್ಲ, ಆ ಗಿಜಿಗಿಜಿಯಲ್ಲಿ ಒಬ್ಬಳು. ಒಂದು ದಿನ ಕಿರುಚಬೇಕಾದ ಹೆಂಗಸಿಗೆ ನೆಗಡಿಯಾಗಿ ಗಂಟಲು ಕಟ್ಟಿತು. ನಿರ್ದೇಶಕರು ಗುಂಪಿನವರನ್ನು ಸಾಲಾಗಿ ನಿಲ್ಲಿಸಿ ಒಬ್ಬೊಬ್ಬರಿಂದ ಕಿರುಚಿಸಿ ನೋಡಿದರು. ಒಬ್ಬಳು ಜಿರಲೆ ಕಂಡವಳ ಹಾಗೆ ಕಿರುಚಿದಳು, ಇನ್ನೊಬ್ಬಳು ಬಸ್ಸು ತಪ್ಪಿದವಳ ಹಾಗೆ. ಇವಳ ಸರದಿ ಬಂದಾಗ ನಾಚಿಕೆಯಿಂದ ಬಾಯೇ ಬರಲಿಲ್ಲ.

"ಲೈಟ್ ಆರಿಸ್ತೀರಾ ಸಾರ್? ಎಲ್ಲರ ಎದುರಿಗೆ ಹೇಗೆ ಕಿರುಚೋದು?" ಅಂದಳು.

ಲೈಟು ಆರಿತು. ಆ ಕೋಣೆಯ ಗೋಡೆಗಳಿಗೆ ದಪ್ಪ ಮೆತ್ತೆ ಹೊದಿಸಿದ್ದರು. ಹೊರಗಿನ ಒಂದು ಸಪ್ಪಳವೂ ಒಳಗೆ ಬರುತ್ತಿರಲಿಲ್ಲ. ಅಂಥ ಕತ್ತಲನ್ನೂ ಅಂಥ ಮೌನವನ್ನೂ ಅವಳು ಹುಟ್ಟಿದಾರಭ್ಯ ಕಂಡಿರಲಿಲ್ಲ. ತನ್ನ ಕಿವಿಯೊಳಗೆ ಏನೋ ಡುಬುಡುಬು ಅನ್ನುವುದು ಕೇಳಿ, ಅದು ತನ್ನದೇ ಎದೆಬಡಿತ ಎಂದು ತಿಳಿಯುವ ಮೊದಲೇ ಅವಳು ಕಿರುಚಿಬಿಟ್ಟಿದ್ದಳು. ಅದರಲ್ಲಿ ನಟನೆ ಎಳ್ಳಷ್ಟೂ ಇರಲಿಲ್ಲ. ಲೈಟು ಹಾಕಿದಾಗ ನಿರ್ದೇಶಕರು ಕುರ್ಚಿಯ ಹಿಂದೆ ನಿಂತಿದ್ದರು. ಬಾಗಿಲಾಚೆಯ ಚಹಾದವನ ಟ್ರೇ ನೆಲದಲ್ಲಿತ್ತು. ಎಷ್ಟು ದಪ್ಪ ಬಾಗಿಲು ಮಾಡಿಸಿದರೇನು!

ಅಂದಿನಿಂದ ಅದೇ ಅವಳ ಪದ್ಧತಿಯಾಯಿತು. ಚಪ್ಪಲಿ ಹೊರಗೆ ಬಿಡುವುದು, ಲೈಟು ಆರಿಸುವುದು, ಮೈಕಿನ ಮುಂದೆ ನಿಲ್ಲುವುದು. ತೆರೆಯನ್ನು ಮಾತ್ರ ನೋಡುವುದಿಲ್ಲ. ದೆವ್ವದ ಮುಖ ನೋಡಿಬಿಟ್ಟರೆ ಅವಳಿಗೆ ಕೂಗೇ ಹೊರಡುವುದಿಲ್ಲವಂತೆ. "ಬಣ್ಣ ಬಳಿದದ್ದು ಕಾಣುತ್ತೆ, ಪಾಪ ಅನ್ನಿಸುತ್ತೆ" ಎನ್ನುತ್ತಿದ್ದಳು. ಗಾಜಿನ ಗೋಡೆಯ ಆಚೆ ಕೂತ ಸೌಂಡ್ ಎಂಜಿನಿಯರನ್ನು ಅವಳು ಕೇಳುತ್ತಿದ್ದುದು ಒಂದೇ ಪ್ರಶ್ನೆ.

"ಬಾಗಿಲು ಮುಚ್ಚಿದೆಯೋ, ತೆರೆದಿದೆಯೋ?"

ತೆರೆದಿದೆ ಅಂದರೆ ಬಂದದ್ದು ಎದುರಿಗೇ ನಿಂತಿದೆ ಅಂತ. ಆಗ ಕೂಗು ಉದ್ದ. ಮುಚ್ಚಿದೆ ಅಂದರೆ ಆಚೆ ಏನಿದೆಯೋ ಯಾರಿಗೂ ಗೊತ್ತಿಲ್ಲ. ಆಗ ಕೂಗಿಗಿಂತ ಮುಂಚಿನ ಉಸಿರು ಉದ್ದ. ಹೊಟ್ಟೆಯ ತಳದಿಂದ ಎಳೆದುಕೊಳ್ಳುವ ಆ ಉಸಿರು ಕೇಳಿದರೆ ಎಂಜಿನಿಯರನ ತೋಳಿನ ರೋಮ ಪ್ರತಿ ಸಲವೂ ಎದ್ದು ನಿಲ್ಲುತ್ತಿತ್ತು. ಊಟಕ್ಕೂ ಹೆಡ್‌ಫೋನ್ ಕುತ್ತಿಗೆಗೆ ಹಾಕಿಕೊಂಡೇ ಕೂರುವ ಅವನನ್ನು ಎಲ್ಲರೂ ಹೆಡ್‌ಫೋನ್ ಅಂತಲೇ ಕರೆಯುತ್ತಿದ್ದರು. ಅವನು ಅವಳ ಉಸಿರನ್ನೂ ಕೂಗನ್ನೂ ಬೇರೆ ಬೇರೆ ಕತ್ತರಿಸಿ ಇಟ್ಟುಕೊಳ್ಳುತ್ತಿದ್ದ. ಯಾವುದನ್ನು ಎಷ್ಟು ಏರಿಸಬೇಕು, ಎಷ್ಟು ಇಳಿಸಬೇಕು ಎಂದು ಆಮೇಲೆ ನೋಡಿಕೊಂಡು ಜೋಡಿಸುವುದು ಅವನ ಕೆಲಸ.

ಮನೆಯಲ್ಲಿ ಅಭ್ಯಾಸ ಮಾಡುವ ಹಾಗಿರಲಿಲ್ಲ. ಒಮ್ಮೆ ಮಾಡಿದ್ದಕ್ಕೆ ಅಕ್ಕಪಕ್ಕದವರು ಲಟ್ಟಣಿಗೆ, ಪೊರಕೆ, ಕೈಗೆ ಸಿಕ್ಕಿದ್ದು ಹಿಡಿದು ಓಡಿಬಂದಿದ್ದರು. ವಿಷಯ ತಿಳಿದ ಮೇಲೆ ಇನ್ನೊಮ್ಮೆ ಕಿರುಚಿದಾಗ ಯಾರೂ ಬರಲಿಲ್ಲ. ಅದು ಅವಳಿಗೆ ಹೊಸ ಚಿಂತೆಯಾಯಿತು.

"ನಾಳೆ ನಿಜವಾಗ್ಲೂ ಕಳ್ಳ ನುಗ್ಗಿದ್ರೆ ನಾನು ಏನು ಮಾಡ್ಲಿ ರೀ?"

ಗಂಡ ಗಡಿಯಾರ ರಿಪೇರಿಯವರು. ಕಣ್ಣಿಗೆ ಸಿಕ್ಕಿಸಿಕೊಂಡ ಭೂತಗನ್ನಡಿಯಿಂದ ತಲೆಯೆತ್ತದೆ, "ಮೆಲ್ಲಗೆ ಮಾತಾಡು. ಇದೇನಾಯ್ತು ಇವಳಿಗೆ ಅಂತ ಗಾಬರಿಯಾಗಿ ಎಲ್ಲ ಓಡಿ ಬರ್ತಾರೆ" ಅಂದರು.

ಇಷ್ಟಾದರೂ ಅವಳು ಒಂದೇ ಒಂದು ದೆವ್ವದ ಸಿನಿಮಾವನ್ನೂ ಥಿಯೇಟರಿನಲ್ಲಿ ಕೂತು ನೋಡಿರಲಿಲ್ಲ. ದುಡ್ಡು ಕೊಟ್ಟು ಹೆದರಿಕೊಳ್ಳಲು ಹೋಗುವ ಜನರ ತಲೆ ಸರಿಯಿದೆಯೇ ಎಂದೇ ಅವಳ ಅನುಮಾನ. ನಾನೂ ಹಾಗೇ ಅಂದುಕೊಂಡವನು, ಆದ್ದರಿಂದ ಅವಳನ್ನು ಆಡಿಕೊಳ್ಳಲಾರೆ.

ಆಮೇಲೆ ಗಂಟಲು ಕೈಕೊಟ್ಟಿತು. ಮೊದಲು ಕರಕರ ಅಂದಿತು, ಬೆಳಿಗ್ಗೆ ಎದ್ದರೆ ಮಾತೇ ಹೊರಡದಾಯಿತು. ಗಂಟಲ ಡಾಕ್ಟರು ಸಣ್ಣ ಕನ್ನಡಿ ಇಳಿಸಿ ನೋಡಿ, ದನಿ ಹೊರಡುವ ಜಾಗದಲ್ಲಿ ಗಂಟು ಬಂದಿದೆ, ಇನ್ನು ಕಿರುಚಿದರೆ ಮಾತೂ ಹೋದೀತು ಅಂದರು. ಒಪ್ಪಿಕೊಂಡ ಸಿನಿಮಾ ಒಂದು ಬಾಕಿಯಿತ್ತು, ಅದೂ ಒಂದೇ ಕೂಗು. ಇದೊಂದು ಮುಗಿಸಿಬಿಡುತ್ತೇನೆ ಎಂದು ಅವಳು ಹಟ ಹಿಡಿದು ಹೋದಳು.

"ಬಾಗಿಲು?"

"ಮುಚ್ಚಿದೆ ಅಕ್ಕ. ಅವಳು ಚಿಲಕ ತೆಗೀತಾಳೆ, ಬಾಗಿಲು ಒಂಚೂರು ಸರಿಯುತ್ತೆ, ತೆರೆ ಪೂರ್ತಿ ಕಪ್ಪಾಗುತ್ತೆ. ಆ ಕಪ್ಪಿನ ಮೇಲೆ ನಿಮ್ಮ ಕೂಗು."

ಅವಳು ಉಸಿರು ಎಳೆದುಕೊಂಡಳು. ಅಷ್ಟು ಆಳದ ಉಸಿರನ್ನು ಹೆಡ್‌ಫೋನ್ ಅವಳಿಂದ ಹಿಂದೆಂದೂ ಕೇಳಿರಲಿಲ್ಲ. ಬಾಯಿ ತೆರೆದಳು. ಬರೀ ಗಾಳಿ ಬಂತು. ಮತ್ತೆ ಪ್ರಯತ್ನಿಸಿದಾಗ ಗಾಳಿಯ ಜೊತೆ ಕೆಮ್ಮು ಬಂತು. ಲೈಟು ಹಾಕಿದಾಗ ಅವಳು ಮುಖ ಮುಚ್ಚಿಕೊಂಡು ನಿಂತಿದ್ದಳು.

"ಬಿಡಿ ಅಕ್ಕ, ಉಸಿರು ಇದನ್ನೇ ಇಟ್ಕೊಳ್ತೀನಿ. ಕೂಗಿಗೆ ನಿಮ್ದೇ ಹಳೇದು ಯಾವುದಾದ್ರೂ ಹಾಕ್ತೀನಿ. ಯಾರಿಗೂ ಗೊತ್ತಾಗಲ್ಲ" ಎಂದು ಹೆಡ್‌ಫೋನ್ ಸಮಾಧಾನ ಹೇಳಿದ.

ಮನೆಗೆ ಬಂದ ಮೇಲೆ ಅವಳು ಮಂಕಾದಳು. ಡಾಕ್ಟರು ಹೇಳಿದಂತೆ ಪಿಸುಮಾತಿನಲ್ಲೇ ದಿನ ದೂಡುತ್ತಿದ್ದಳು. ಸದ್ದಿಲ್ಲದ ಮನೆ ಗಂಡನಿಗೂ ಹಿಡಿಸಲಿಲ್ಲ. ಒಂದು ಸಂಜೆ ಅವರ ಪಕ್ಕ ಕೂತು, "ಕೂಗು ಹೋಯ್ತು. ಇನ್ನು ನಾನು ಯಾರು ರೀ?" ಅಂದಳು. ಅವರು ಭೂತಗನ್ನಡಿ ಕಳಚಿಟ್ಟು ಅವಳ ಕೈ ಹಿಡಿದುಕೊಂಡರು.

ಸಿನಿಮಾ ಬಿಡುಗಡೆಯಾದ ದಿನ ಹೆಡ್‌ಫೋನ್ ಮನೆಗೆ ಓಡಿಬಂದ. ಕುತ್ತಿಗೆಯಲ್ಲಿ ಹೆಡ್‌ಫೋನ್ ಇರಲಿಲ್ಲ, ಮುಖದಲ್ಲಿ ರಕ್ತವೂ ಇರಲಿಲ್ಲ.

"ಅಕ್ಕ, ತಪ್ಪಾಗಿಬಿಟ್ಟಿದೆ. ಕೂಗು ಹಾಕೋದೇ ಬಿಟ್ಟಿದೀನಿ."

ಅವಳಿಗೆ ಅರ್ಥವಾಗಲಿಲ್ಲ. ಅವನು ತೊದಲುತ್ತಾ ಬಿಡಿಸಿ ಹೇಳಿದ. ಹಳೆಯ ಕೂಗೊಂದನ್ನು ಆರಿಸಿ ತೆಗೆದಿಟ್ಟಿದ್ದ. ಇಂದು ಬೆಳಿಗ್ಗೆ ಕಂಪ್ಯೂಟರಿನಲ್ಲಿ ಬೇಡದ್ದನ್ನೆಲ್ಲ ಅಳಿಸುವಾಗ ನೋಡಿದರೆ ಕೂಗು ಇಟ್ಟಲ್ಲೇ ಇದೆ! ಸಿನಿಮಾದಲ್ಲಿ ಉಸಿರಿದೆ, ಕಪ್ಪು ತೆರೆಯಿದೆ, ಕೂಗಿಲ್ಲ.

"ಕಳಿಸೋಕೆ ಮುಂಚೆ ಒಂದ್ಸಲ ನೋಡ್ಲಿಲ್ವೇನಪ್ಪ?" ಗಂಡ ಕೇಳಿದರು.

"ಎಷ್ಟು ಸಲ ನೋಡಿದೀನಿ ಭಾವ! ಪ್ರತಿ ಸಲನೂ ಕೇಳಿಸ್ತು. ದೇವರಾಣೆ ಕೇಳಿಸ್ತು. ಇಷ್ಟು ವರ್ಷ ಅಕ್ಕನ ಕೂಗು ಕೇಳಿ ಕೇಳಿ, ಉಸಿರು ಬಂದ ತಕ್ಷಣ ನನ್ನ ಕಿವಿ ಮಿಕ್ಕಿದ್ದನ್ನ ತಾನೇ ಸೇರಿಸಿಕೊಂಡುಬಿಟ್ಟಿದೆ. ನಿರ್ದೇಶಕರೂ ಪಕ್ಕದಲ್ಲೇ ಕೂತಿದ್ರು. ಅವರಿಗೂ ಕೇಳಿಸಿದೆ!"

ಇಲ್ಲದ ಕೂಗನ್ನು ಇಬ್ಬರು ಕೇಳಿದ್ದರು. ಅವಳ ಬೆನ್ನಿನಲ್ಲಿ ಸಣ್ಣಗೆ ಚಳಿ ಹರಿಯಿತು. ಆದರೆ ಆ ಬೆರಗಿಗಿಂತ ದೊಡ್ಡ ದಿಗಿಲು ಬೇರೆಯಿತ್ತು. ಥಿಯೇಟರಿನ ಜನರೇನು ಹೆಡ್‌ಫೋನಿನ ಹಾಗೆ ಅವಳ ಜೊತೆ ವರ್ಷಗಟ್ಟಲೆ ಕೂತವರೇ? ತೆರೆ ಕಪ್ಪಾಗಿ ಸದ್ದಿಲ್ಲದೆ ನಿಂತರೆ "ಸೌಂಡ್! ಸೌಂಡ್!" ಎಂದು ಕೂಗಿ ಗೊಳ್ಳೆಂದು ನಕ್ಕುಬಿಡುತ್ತಾರೆ. ಸಿನಿಮಾ ಅಲ್ಲಿಗೆ ನೆಗೆದುಬೀಳುತ್ತದೆ. ಹೆಡ್‌ಫೋನಿನ ಕೆಲಸ ಹೋಗುತ್ತದೆ. ಅದೆಲ್ಲಕ್ಕೂ ಬೇರು ತನ್ನ ಗಂಟಲು. ತಾನು ಅಂದು ಕಿರುಚಿದ್ದರೆ ಈ ಗ್ರಹಚಾರ ಇರುತ್ತಿರಲಿಲ್ಲ. ಅವಳು ಚಪ್ಪಲಿ ಮೆಟ್ಟಿಕೊಂಡಳು.

"ನಡೀರಿ, ನೋಡೇ ಬಿಡೋಣ" ಎಂದು ಪಿಸುಗುಟ್ಟಿದಳು.

ಮಧ್ಯಾಹ್ನದ ಆಟ. ಥಿಯೇಟರು ತುಂಬಿತ್ತು. ಒಂದು ಪಕ್ಕ ಗಂಡ, ಇನ್ನೊಂದು ಪಕ್ಕ ಹೆಡ್‌ಫೋನ್, ನಡುವೆ ಜೀವ ಕೈಯಲ್ಲಿ ಹಿಡಿದುಕೊಂಡ ಕಿಟಾರಕ್ಕ. ತೆರೆ ನೋಡಲು ಧೈರ್ಯ ಸಾಲದೆ ಅವಳು ಜನರನ್ನು ನೋಡುತ್ತಾ ಕೂತಳು. ಹೀಗೆ ನೋಡಿದವರು ಕಡಿಮೆ. ಮುಂದಿನ ಸಾಲಿನ ದಢೂತಿ ಆಸಾಮಿ ಶುರುವಿನಲ್ಲಿ ದೆವ್ವವನ್ನು ಗೇಲಿ ಮಾಡುತ್ತಿದ್ದವನು ಬರಬರುತ್ತ ಮೌನಿಯಾದ. ಕಾಲೇಜಿನ ಹುಡುಗಿಯೊಬ್ಬಳು ಕಣ್ಣು ಮುಚ್ಚಿಕೊಂಡಿದ್ದಳು, ಆದರೆ ಬೆರಳ ಸಂದಿ ಮಾತ್ರ ತೆರೆದೇ ಇತ್ತು. ನೋಡಲಾರೆ ಎನ್ನುವವಳು ಎದ್ದು ಹೋಗಬಹುದಿತ್ತಲ್ಲ? ಹೋಗುವುದಿಲ್ಲ. ಪಾಪ್‌ಕಾರ್ನಿನ ಪೊಟ್ಟಣಗಳ ಕರಕರ ಒಂದೊಂದಾಗಿ ನಿಂತುಹೋಯಿತು. ಗುರುತಿಲ್ಲದವರ ಮೊಣಕೈಗಳು ಒಂದಕ್ಕೊಂದು ತಾಗಿಕೊಂಡವು, ಯಾರೂ ಸರಿಸಿಕೊಳ್ಳಲಿಲ್ಲ. ಎಲ್ಲಕ್ಕಿಂತ ವಿಚಿತ್ರವಾದದ್ದು ಕಾಲುಗಳು. ಸಾಲಿಗೆ ಸಾಲೇ ಜನ ಕಾಲು ಮೇಲೆತ್ತಿಕೊಂಡು ಕೂತಿದ್ದರು. ಸೀಟಿನ ಕೆಳಗೆ ಬರೀ ಸಿಮೆಂಟು ನೆಲ, ಚೆಲ್ಲಿದ ಪಾಪ್‌ಕಾರ್ನು. ಅದು ಎಲ್ಲರಿಗೂ ಗೊತ್ತು. ಕಾಲಿಗೆ ಮಾತ್ರ ಗೊತ್ತಿಲ್ಲ.

ಹೆಡ್‌ಫೋನ್ ಅವಳ ತೋಳು ಹಿಂಡಿದ. "ಬಂತು ಅಕ್ಕ."

ನಾಯಕಿಯ ಬೆನ್ನು, ಎದುರಿಗೆ ಬಾಗಿಲು, ಚಿಲಕದ ಮೇಲೆ ಬೆರಳು. ಥಿಯೇಟರಿನ ನಾಲ್ಕೂ ಗೋಡೆಗಳಿಂದ ಆ ಉಸಿರು ಬಂತು. ತನ್ನ ಹೊಟ್ಟೆಯೊಳಗಿಂದ ಎಳೆದುಕೊಂಡದ್ದು ಇಷ್ಟು ದೊಡ್ಡದಾಗಿರುತ್ತದೆ ಎಂದು ಅವಳು ಕನಸಿನಲ್ಲೂ ಎಣಿಸಿರಲಿಲ್ಲ. ಅದರ ಜೊತೆಗೇ ಥಿಯೇಟರಿನ ಅಷ್ಟೂ ಜನ ಉಸಿರು ಎಳೆದುಕೊಂಡರು. ಸಾಲುಸಾಲು ಎದೆಗಳು ಒಟ್ಟಿಗೆ ಉಬ್ಬಿದ್ದನ್ನು ಅವಳು ಕಣ್ಣಾರೆ ನೋಡಿದಳು. ಬಾಗಿಲು ಒಂಚೂರು ಸರಿಯಿತು. ತೆರೆ ಕಪ್ಪಾಯಿತು.

ಸದ್ದಿಲ್ಲ.

ಈಗ ಸೌಂಡ್ ಅಂತಾರೆ, ಈಗ ನಗ್ತಾರೆ ಎಂದು ಅವಳು ಕಿವಿಗೊಟ್ಟಳು. ಎಳೆದುಕೊಂಡ ಉಸಿರನ್ನು ಯಾರೂ ಬಿಡಲಿಲ್ಲ. ಕತ್ತಲಲ್ಲಿ ಅಷ್ಟು ಜನ ಒಂದೇ ಪ್ರಾಣಿಯ ಹಾಗೆ ಬಿಗಿಹಿಡಿದು ಕೂತಿದ್ದರು. ಆ ಕಪ್ಪಿನಲ್ಲಿ ಏನೂ ಇಲ್ಲವೆಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ದೆವ್ವ ಇಲ್ಲ, ಬಣ್ಣ ಬಳಿದವನೂ ಇಲ್ಲ, ಕೂಗೂ ಇಲ್ಲ. ಆದರೂ ಅವಳ ಎದೆ ಹಾರಿತು, ಕಾಲು ತಾನಾಗಿಯೇ ನೆಲ ಬಿಟ್ಟು ಮೇಲಕ್ಕೆ ಬಂತು. ಗೊತ್ತಿರುವುದಕ್ಕೂ ಈ ಮೈಗೂ ಸಂಬಂಧವೇ ಇಲ್ಲವೇ ಎಂದು ಅವಳು ಬೆರಗಾದಳು.

ಆಗ ಥಿಯೇಟರು ಕಿರುಚಿತು.

ಮೊದಲು ಯಾರೆಂದು ತಿಳಿಯಲಿಲ್ಲ, ಬಹುಶಃ ಆ ದಢೂತಿ ಆಸಾಮಿಯೇ. ಮರುಕ್ಷಣ ಮುಂದಿನ ಸಾಲಿನಿಂದ ಬಾಲ್ಕನಿಯವರೆಗೆ ಗಂಡಸರು, ಹೆಂಗಸರು, ಮುದುಕರು, ಅಷ್ಟೂ ಗಂಟಲುಗಳು ಒಟ್ಟಿಗೆ ತೆರೆದವು. ಸೀಟುಗಳು ಅದುರಿದವು. ಅವಳು ಕಿರುಚಿದಳೋ ಇಲ್ಲವೋ ಅವಳಿಗೇ ಗೊತ್ತಾಗಲಿಲ್ಲ. ಆ ಅಬ್ಬರದಲ್ಲಿ ಒಬ್ಬಳ ದನಿ ಇದ್ದರೂ ಒಂದೇ, ಇಲ್ಲದಿದ್ದರೂ ಒಂದೇ. ಕೂಗು ಇಳಿಯುತ್ತಿದ್ದಂತೆ ನಗು ಹೊರಟಿತು. ಗುರುತಿಲ್ಲದವರು ಒಬ್ಬರನ್ನೊಬ್ಬರು ನೋಡಿ, ಬದುಕಿದೆವು ಎನ್ನುವ ಹಾಗೆ ಕಣ್ಣೊರೆಸಿಕೊಂಡು ನಕ್ಕರು. ಜನ ದುಡ್ಡು ಕೊಟ್ಟು ಬರುವುದು ಇದಕ್ಕೇ ಇರಬೇಕು ಅಂತ ಅವಳಿಗೆ ಆಗ ಅನ್ನಿಸಿತು. ಗಂಡ ಅವಳ ಕೈಯನ್ನು ನೋವಾಗುವಷ್ಟು ಬಿಗಿಯಾಗಿ ಹಿಡಿದಿದ್ದರು.

ಆಟ ಮುಗಿದು ಜನ ಹೊರಬರುವಾಗ ಆ ಕಾಲೇಜಿನ ಹುಡುಗಿ ಗೆಳತಿಗೆ ಹೇಳುತ್ತಿದ್ದಳು: "ಬಾಗಿಲ ಹತ್ತಿರ ಹೀರೋಯಿನ್ ಹೇಗೆ ಕಿರುಚಿದ್ಲೇ! ನನ್ನ ಕಿವಿಯಲ್ಲಿ ಇನ್ನೂ ಗುಂಯ್ ಅಂತಿದೆ."

"ಅಯ್ಯೋ, ಆ ಕೂಗಿಗೇ ನಾನು ಹೆದರಿದ್ದು" ಅಂದಳು ಗೆಳತಿ.

ಹೆಡ್‌ಫೋನ್ ನಿಂತಲ್ಲೇ ಕಲ್ಲಾದ. ಮೆಟ್ಟಿಲ ಹತ್ತಿರ ಇನ್ನೊಬ್ಬರು, ಗೇಟಿನ ಹತ್ತಿರ ಮತ್ತಿಬ್ಬರು, ಎಲ್ಲರ ಬಾಯಲ್ಲೂ ಅದೇ ಕೂಗಿನ ಮಾತು. ಅವನು ಚೇತರಿಸಿಕೊಂಡು ಅವಳ ಹತ್ತಿರ ಬಂದ.

"ಅಕ್ಕ, ನಿರ್ದೇಶಕರಿಗೆ ಈಗಲೇ ಹೋಗಿ ಹೇಳಿಬಿಡ್ತೀನಿ. ನಾಳೆಯಿಂದ ನಿಮ್ಮ ಹಳೇ ಕೂಗು ಸೇರಿಸಬಹುದು. ನಿಮ್ಮ ಕೊನೇ ಸಿನಿಮಾ ಇದು, ನಿಮ್ಮ ದನಿ ಇರ್ಬೇಕಲ್ವಾ?"

ಅವಳು ಹೊರಬರುತ್ತಿದ್ದ ಜನರನ್ನು ನೋಡಿದಳು. ಎಲ್ಲರ ಮುಖವೂ ಆಗ ತಾನೇ ತೊಳೆದ ಹಾಗಿತ್ತು. ಹಾಕಿಸಿಬಿಡಲೇ ಎಂದು ಒಂದು ಗಳಿಗೆ ಆಸೆಯಾದದ್ದು ಸುಳ್ಳಲ್ಲ.

"ಹೇಳೋದು ಹೇಳು. ಕೂಗು ಮಾತ್ರ ಬೇಡ ಕಣೋ" ಎಂದು ಪಿಸುಗುಟ್ಟಿದಳು. "ಇಷ್ಟು ವರ್ಷ ಇವರೆಲ್ಲರ ಬದಲು ನಾನು ಕಿರುಚ್ತಿದ್ದೆ. ಇವರ ಹತ್ರನೂ ಇಷ್ಟೊಂದು ಕೂಗು ಇದೆ ಅಂತ ನನಗೆ ಗೊತ್ತೇ ಇರಲಿಲ್ಲ."

ಹಾಗೆ ಹೇಳಿ ಅವಳು ಗಂಡನ ತೋಳನ್ನು ಗಟ್ಟಿಯಾಗಿ ಹಿಡಿದುಕೊಂಡೇ ಮನೆಯ ಕಡೆ ಹೊರಟಳು.