ಶಾಲೆಯ ತೊಲೆ ಮೇಲೆ ನಮ್ಮ ಕಾಯಿ

ನನಗೆ ಸಿಟ್ಟು ಬೇಗ. ಎಂಬತ್ತನೇ ಇಸವಿಯ ಆಸುಪಾಸಿನಲ್ಲಿ, ಸಣ್ಣಪುಟ್ಟ ಸರ್ಕಾರಿ ಕಟ್ಟಡಗಳ ಕಂಟ್ರಾಕ್ಟು ಮಾಡಿಕೊಂಡಿದ್ದ ಕಾಲದಲ್ಲಿ, ಅದು ಇನ್ನೂ ಬೇಗ ಬರುತ್ತಿತ್ತು. ಒಂದು ದಿನ ಟೆಂಡರ್ ತೆರೆಯುವ ಹೊತ್ತಿಗೆ ಸುತ್ತಲಿನ ಕಂಟ್ರಾಕ್ಟರುಗಳೆಲ್ಲ ಕಚೇರಿಯಲ್ಲಿ ಸೇರಿದ್ದೆವು. ಗುಮಾಸ್ತರು ಎಲ್ಲರ ಲಕೋಟೆ ಒಡೆದರು. ನನ್ನದನ್ನು ಮಾತ್ರ ಒಡೆಯದೆ ವಾಪಸು ಚಾಚಿದರು.

"ನಿಮ್ಮನ್ನ ಕಪ್ಪುಪಟ್ಟಿಗೆ ಹಾಕವ್ರೆ ಕಣ್ರೀ. ಶಾಲೆ ಕೆಲ್ಸ ಕಳಪೆ ಅಂತ."

ಉಳಿದವರು ನನ್ನ ಮುಖ ನೋಡಬಾರದೆಂದು ಕಿಟಕಿ ಕಡೆ ತಿರುಗಿದರು. ಅದೇ ಹೆಚ್ಚು ಚುಚ್ಚಿತು. ನಾಚಿಕೆಯಾದಾಗಲೆಲ್ಲ ನಾನು ಕೂಗಾಡುತ್ತೇನೆ, ಅಲ್ಲೂ ಕೂಗಾಡಿದೆ. "ಒಂದು ನೋಟೀಸು ಕೊಡ್ಲಿಲ್ಲ, ಒಂದು ಮಾತು ಕೇಳ್ಲಿಲ್ಲ! ಕಳ್ಳನ್ನಾದ್ರೂ ಏನಪ್ಪ ನಿಂದು ಅಂತ ಕೇಳ್ತಾರೆ ಕಣ್ರೀ!" ಆ ಮಾತಿನಲ್ಲಿ ತಪ್ಪೇನೂ ಇರಲಿಲ್ಲ. ಅದನ್ನೇ ಬಸ್ಸಿನಲ್ಲಿ, ಹೋಟೆಲಿನಲ್ಲಿ, ಕೊಬ್ಬರಿ ಮಂಡಿಯಲ್ಲಿ ಕಂಡಕಂಡವರಿಗೆಲ್ಲ ಹೇಳಿಕೊಂಡು ತಿರುಗಿದೆ.

ಹೇಳದೆ ನುಂಗಿಕೊಂಡದ್ದು ಒಂದಿತ್ತು. ಆ ಶಾಲೆ ನಮ್ಮೂರಿನದೇ. ಹೆಂಚು ಹೊದಿಸಿ, ಸುಣ್ಣ ಬಳಿದು ಮುಗಿಸಿದ್ದೆ. ಇಲಾಖೆಗೆ ಒಪ್ಪಿಸುವುದಷ್ಟೇ ಬಾಕಿ. ಆ ವರ್ಷ ನಮ್ಮ ತೋಟದಲ್ಲಿ ತೆಂಗಿನಕಾಯಿ ಸಿಕ್ಕಾಪಟ್ಟೆ ಬಂದಿತ್ತು. ಕಾಯಿ ಕೊಬ್ಬರಿಯಾಗಬೇಕಾದರೆ ಹತ್ತಿರ ಹತ್ತಿರ ಒಂದು ವರ್ಷ ಅಟ್ಟದ ಮೇಲೆ ಒಣಗಬೇಕು, ನಮ್ಮ ಮನೆಯ ಅಟ್ಟ ತುಂಬಿಹೋಗಿತ್ತು. ಅಪ್ಪ ಬಂದು, "ಇಸ್ಕೂಲು ಸುಮ್ನೆ ಬಿದ್ದದಲ್ಲ, ಬೀಗದ ಕೈ ಕೊಡೋ" ಅಂದರು. ಕೊಟ್ಟೆ. ನಮ್ಮ ಕಡೆ ಖಾಲಿ ಸೂರು ಕಂಡರೆ ಯಾರಿಗಾದರೂ ಮೊದಲು ಹೊಳೆಯುವುದು ಕಾಯಿಯೇ.

ನೆಲದ ಮೇಲೆ ಸುರಿಯುತ್ತಾರೆ ಅಂದುಕೊಂಡು ನಾನು ಇನ್ನೊಂದು ಕೆಲಸದ ಸಿಮೆಂಟು ಪರ್ಮಿಟ್ಟಿಗೆ ತುಮಕೂರಿಗೆ ಹೋಗಿ ಕೆಲವು ದಿನ ಅಲ್ಲೇ ಉಳಿದೆ. ಅಪ್ಪ ತೊಲೆಗಳ ಮೇಲೆ ಬಿದಿರು ಹಾಸಿ ಅಟ್ಟವನ್ನೇ ಕಟ್ಟಿಬಿಟ್ಟಿದ್ದರು. ತೊಲೆ ಬಾಗಿತು, ಹೆಂಚು ಜಾರಿದವು, ಗೋಡೆ ಬಿರುಕುಬಿಟ್ಟಿತು. ಗಾಬರಿಯಲ್ಲಿ ಅಪ್ಪ ಕಾಯಿ, ಬಿದಿರು ಎಲ್ಲ ಇಳಿಸಿ ಮನೆಗೆ ಸಾಗಿಸಿದ ಮೇಲೆ, ನಾನು ಊರಲ್ಲಿಲ್ಲದಾಗಲೇ, ಇಲಾಖೆಯ ಇಂಜಿನಿಯರು ತನಿಖೆಗೆ ಬಂದರಂತೆ. ಅವರ ಕಣ್ಣಿಗೆ ಬಿದ್ದದ್ದು ಬಾಗಿದ ತೊಲೆ ಮಾತ್ರ.

ಅಷ್ಟು ಕೂಗಾಡಿದ ಮೇಲೆ ಸುಮ್ಮನೆ ಬಿಡಲಾಗದೆ ಮೇಲಿನ ಕಚೇರಿಗೆ ಅರ್ಜಿ ಹಾಕಿದೆ. ನಿಜ ಹೇಳಬೇಕೆಂದರೆ, ಯಾರೂ ಕೇಳದಿದ್ದರೇ ನನಗೆ ಹಿತವಾಗಿತ್ತು; ಕೇಳಿದರೆ ಕಾಯಿಯ ವಿಷಯ ಹೊರಬೀಳುತ್ತಿತ್ತು. ಆದರೆ ಅಲ್ಲಿದ್ದ ಅಧಿಕಾರಿ, ಕೇಳದೆ ಪಟ್ಟಿಗೆ ಸೇರಿಸಿದ್ದು ತಪ್ಪು ಎಂದು ಹಳೇ ಆದೇಶ ರದ್ದು ಮಾಡಿ, ವಿಚಾರಣೆಗೆ ಕರೆಸಿದರು. ಆ ದಿನ ಅಪ್ಪನೂ ಬಸ್ಸು ಹತ್ತಿದರು. ಯಾಕೆ ಅಂತ ನಾನು ಕೇಳಲಿಲ್ಲ.

ಅಧಿಕಾರಿ ಕುರ್ಚಿ ತೋರಿಸಿ, "ಹೇಳಿ, ನೀವು ಮುಗಿಸೋವರೆಗೂ ನಾನು ಮಾತಾಡಲ್ಲ" ಅಂದರು. ಅಷ್ಟು ದಿನ ಕೂಗಾಡಿದ ನಾನು ಅರ್ಜಿಯ ನಕಲನ್ನು ಮಡಿಸುತ್ತ, ಬಿಚ್ಚುತ್ತ ಕೂತೆ. ಸುಮ್ಮನಿದ್ದರೆ ಕಳಪೆ ಅನ್ನುವ ಮಾತು ನನಗೆ ಅಂಟಿಕೊಳ್ಳುತ್ತದೆ. ತಪ್ಪನ್ನು ಅಪ್ಪನ ಮೇಲೆ ಹಾಕಲು ನಾಲಿಗೆ ಹೊರಳಲಿಲ್ಲ. ಬಾಗಿಲ ಹತ್ತಿರ ನಿಂತಿದ್ದ ಅಪ್ಪ ಹೆಗಲ ಮೇಲಿನ ಟವೆಲು ತೆಗೆದು ಕೈಯಲ್ಲಿ ಹಿಡಿದುಕೊಂಡರು.

"ಅವ್ನ ಕೆಲ್ಸ ಗಟ್ಟಿಯಾಗೇ ಇತ್ತು ಸ್ವಾಮಿ. ತೊಲೆ ಮೇಲೆ ಕಾಯಿ ಹೇರ್ದೋನು ನಾನು."

ಊರಲ್ಲಿ ನಾಲ್ಕು ಜನಕ್ಕೆ ನ್ಯಾಯ ಹೇಳುತ್ತಿದ್ದವರು ಅಪ್ಪ. ಅವರು ಹಾಗೆ ನಿಂತದ್ದನ್ನು ನೋಡಲಾಗದೆ ನಾನು ತಲೆ ತಗ್ಗಿಸಿದೆ. ಅಧಿಕಾರಿ ಅಪ್ಪನನ್ನು ಕೂರಿಸಿ ನನ್ನ ಕಡೆ ತಿರುಗಿದರು.

"ಬೀಗದ ಕೈ ಕೊಟ್ಟೋರು ಯಾರು?"

"ನಾನೇ ಸಾರ್."

ಹೊಸ ಆದೇಶದಲ್ಲಿ ಕಳಪೆ ಅನ್ನುವ ಮಾತಿರಲಿಲ್ಲ. ಕೆಲಸ ಸರಿಯಾಗಿಯೇ ಇತ್ತು. ಸರ್ಕಾರಿ ಕಟ್ಟಡವನ್ನು ಮನೆಯವರ ಬಳಕೆಗೆ ಬಿಟ್ಟದ್ದಕ್ಕೆ ಎರಡು ವರ್ಷ ಟೆಂಡರ್ ಹಾಕುವಂತಿಲ್ಲ, ರಿಪೇರಿಯೂ ನನ್ನದೇ ಎಂದಿತ್ತು. ಹುಡುಕಿದರೂ ಅದರಲ್ಲಿ ಒಂದು ಅನ್ಯಾಯ ಸಿಗಲಿಲ್ಲ.

ಅದೇ ಕಾಯಿ ಕೊಬ್ಬರಿಯಾಗಿ ತಿಪಟೂರಿನ ಮಂಡಿಗೆ ಹೋದ ದಿನ, ನನ್ನ ಕೂಗಾಟ ಕೇಳಿದ್ದ ಮಂಡಿಯವರೊಬ್ಬರು, "ಏನಪ್ಪ, ಕೊನೆಗೂ ನಿನ್ ಮಾತು ಕೇಳುದ್ರಾ?" ಅಂದರು. ಪಕ್ಕದಲ್ಲಿದ್ದ ಅಪ್ಪ ಬಗ್ಗಿ, ಕಟ್ಟಿದ್ದ ಚೀಲದ ಬಾಯನ್ನೇ ಮತ್ತೆ ಬಿಗಿಯತೊಡಗಿದರು.

"ಕೇಳುದ್ರು" ಅಂದೆ. ಆ ಮಂಡಿಯಲ್ಲಿ ನಾನು ಅಷ್ಟು ಮೆತ್ತಗೆ ಮಾತಾಡಿದ್ದು ಅದೇ ಮೊದಲು.