ಹತ್ತು ತಿಂಗಳಿಗೆ ದೊಡ್ಡವರು

ಇಪ್ಪತ್ತೆಂಟು ವರ್ಷದ ನೌಕರಿಯಲ್ಲಿ ಗಣಿತದ ಮೇಡಂ ಮಾಡಿದ ತಪ್ಪು ಒಂದೇ. ಕೆಲಸಕ್ಕೆ ಸೇರಿದ ದಿನ ಹಾಜರಿ ಪುಸ್ತಕದ ಮುಂದೆ ಮೊದಲು ನಿಂತಿದ್ದವರು ಅವರು. ಅದೇ ದಿನ ಸೇರಲು ಬಂದಿದ್ದ ವಿಜ್ಞಾನದ ಮೇಷ್ಟ್ರು ಹಿಂದೆ ನಿಂತು ಗಡಿಯಾರ ನೋಡುತ್ತಿದ್ದರು. ಕಾಯಿಲೆಯ ತಾಯಿಯನ್ನು ಕರೆತರಬೇಕು, ಬಸ್ಸು ತಪ್ಪುತ್ತದೆ ಅಂದರು. ಅಯ್ಯೋ ಪಾಪ ಎನಿಸಿ ಮೇಡಂ, ‘ನೀವೇ ಮೊದಲು ಸಹಿ ಹಾಕಿ’ ಎಂದುಬಿಟ್ಟರು.

ಹದಿನೇಳು ವರ್ಷ ಯಾರಿಗೂ ಅದರ ಗೊಡವೆ ಇರಲಿಲ್ಲ. ಮುಖ್ಯೋಪಾಧ್ಯಾಯರ ಕುರ್ಚಿ ಖಾಲಿಯಾದಾಗ ಇಲಾಖೆ ಜ್ಯೇಷ್ಠತಾ ಪಟ್ಟಿ ಹೊರಡಿಸಿತು. ಸಹಿ ಮೇಲಿದ್ದವರೇ ಹಿರಿಯರೆಂದು ಯಾವನೋ ಪುಣ್ಯಾತ್ಮ ತೀರ್ಮಾನಿಸಿ ಮೇಡಂ ಹೆಸರನ್ನು ಕೆಳಗೆ ಹಾಕಿದ್ದ. ಮೇಡಂ ಕೋರ್ಟಿಗೆ ಹೋದರು, ಬಡ್ತಿಗೆ ತಡೆ ಬಿತ್ತು. ಮಿಕ್ಕವರು ನಮಗೇಕೆ ಈ ರಗಳೆ ಎಂದು ಜಾರಿಕೊಂಡರು. ಕೊನೆಗೆ ಆ ಕುರ್ಚಿಯಲ್ಲಿ ಪ್ರಭಾರಿಯಾಗಿ ಕೂತದ್ದು ಡ್ರಿಲ್ ಮೇಷ್ಟ್ರು. ಅವನು ಮೇಡಂ ಹತ್ತಿರವೇ ಮಗ್ಗಿ ಕಲಿತ ಹುಡುಗ. ತಾತ್ಕಾಲಿಕ ಅಂದರು. ಹನ್ನೊಂದು ವರ್ಷ ಕೂತ.

ನಿವೃತ್ತಿಗೆ ಮುಂಚೆ ಆ ಕುರ್ಚಿಯಲ್ಲಿ ಕೂರಬೇಕು, ಮೇಡಂಗೆ ಬೇಕಾಗಿದ್ದದ್ದು ಅಷ್ಟೇ. ಕೋರ್ಟಿಗೆ ಮಾತ್ರ ಯಾವ ಆತುರವೂ ಇರಲಿಲ್ಲ. ಒಂದು ಸಲ ನ್ಯಾಯಾಧೀಶರು ರಜೆ, ಇನ್ನೊಂದು ಸಲ ಫೈಲು ಸಿಗಲಿಲ್ಲ, ಮತ್ತೊಂದು ಸಲ ಸರ್ಕಾರಿ ವಕೀಲರು ಕಾಲಾವಕಾಶ ಕೇಳಿದರು. ಸಂಜೆ ಮನೆಗೆ ಬಂದರೆ ಗಂಡನ ಪ್ರಶ್ನೆ ಕಾದಿರುತ್ತಿತ್ತು.

“ಇವತ್ತಾದ್ರೂ ಕೇಸು ಕೂಗಿದ್ರಾ?”

“ಕೂಗಿದ್ರು. ಮುಂದಿನ ತಾರೀಖು ಕೂಗಿದ್ರು.”

ಎಂಟನೇ ವರ್ಷ ವಿಜ್ಞಾನದ ಮೇಷ್ಟ್ರು ಕೋರ್ಟಿಗೆ ಪ್ರಮಾಣಪತ್ರ ಸಲ್ಲಿಸಿದರು. ಮೊದಲು ಬಂದವರು ಯಾರೆಂಬುದು ತಮಗೆ ನೆನಪಿಲ್ಲ ಎಂದು ಅದರಲ್ಲಿತ್ತು. ಅದನ್ನು ಓದಿ ಮೇಡಂ ಮೈಯೆಲ್ಲ ಉರಿದುಹೋಯಿತು. ಸ್ಟಾಫ್ ರೂಮಿನಲ್ಲಿ ಇಬ್ಬರದೂ ಒಂದೇ ಮೇಜು. ಮೇಡಂ ಕಾಗದವನ್ನು ಅವರ ಊಟದ ಡಬ್ಬಿಯ ಪಕ್ಕದಲ್ಲೇ ಇಟ್ಟರು.

“ನಿಜವಾಗ್ಲೂ ನೆನಪಿಲ್ವಾ ಸಾರ್?”

ಮೇಷ್ಟ್ರು ಬಾಯಲ್ಲಿದ್ದ ತುತ್ತನ್ನು ನಿಧಾನವಾಗಿ ನುಂಗಿದರು. “ನೆನಪಿದೆ ಮೇಡಂ. ಆದ್ರೆ ನೆನಪಿದೆ ಅಂತ ಬರೆದ್ರೆ ನನ್ನ ಕೇಸಲ್ಲಿ ಏನು ಉಳಿಯುತ್ತೆ, ನೀವೇ ಹೇಳಿ.”

ಮೇಡಂ ಸೀಮೆಸುಣ್ಣ ತೆಗೆದುಕೊಂಡು ತರಗತಿಗೆ ಹೋದರು. ಅವತ್ತು ಎಂಟನೇ ತರಗತಿಯ ಮಕ್ಕಳು ಸುಮ್ಮಸುಮ್ಮನೆ ಬೈಸಿಕೊಂಡರು.

ಹನ್ನೊಂದನೇ ವರ್ಷ ಹೊಸ ನ್ಯಾಯಾಧೀಶರು ಬಂದರು. ಫೈಲು ತಿರುವಿ ಹಾಕಿ ಒಂದೇ ಪ್ರಶ್ನೆ ಕೇಳಿದರು: ಇಬ್ಬರ ಹುಟ್ಟಿದ ದಿನಾಂಕ ಏನು? ವಕೀಲರಿಬ್ಬರೂ ಮುಖಮುಖ ನೋಡಿಕೊಂಡರು. ಒಂದೇ ದಿನ ಸೇರಿದವರಲ್ಲಿ ವಯಸ್ಸಿನಲ್ಲಿ ದೊಡ್ಡವರೇ ಹಿರಿಯರು, ನಿಯಮದ ಪುಸ್ತಕದಲ್ಲೇ ಇದೆ ಎಂದರು ನ್ಯಾಯಾಧೀಶರು. ಮೇಡಂ ಹತ್ತು ತಿಂಗಳಿಗೆ ದೊಡ್ಡವರು. ಯಾರು ಮೊದಲು ನಿಂತರು, ಯಾರು ಬಿಟ್ಟುಕೊಟ್ಟರು ಎಂಬುದನ್ನು ಕಟ್ಟಿಕೊಂಡು ಯಾರಿಗೂ ಏನೂ ಆಗಬೇಕಾಗಿರಲಿಲ್ಲ. ಆ ದಿನಾಂಕ ಮೊದಲಿನಿಂದಲೂ ಇಬ್ಬರ ಸೇವಾ ಪುಸ್ತಕದ ಮೊದಲ ಪುಟದಲ್ಲೇ ಇತ್ತು. ಗೆದ್ದ ಖುಷಿಗಿಂತ ಹನ್ನೊಂದು ವರ್ಷ ಹಾಳಾದ ಸಂಕಟವೇ ಮೇಡಂಗೆ ಹೆಚ್ಚಾಗಿತ್ತು.

ಆದೇಶ ಇಲಾಖೆಯಲ್ಲಿ ಸುತ್ತಾಡಿಕೊಂಡು ಬರುವಷ್ಟರಲ್ಲಿ ಮೂರು ವಾರ ಕಳೆಯಿತು. ನಿವೃತ್ತಿಗೆ ನಾಲ್ಕು ತಿಂಗಳಿರುವಾಗ ಮೇಡಂ ಕುರ್ಚಿಯಲ್ಲಿ ಕೂತರು. ಎಂಟನೇ ದಿನ ಮಧ್ಯಾಹ್ನ ವಿಜ್ಞಾನದ ಮೇಷ್ಟ್ರು ಬಂದು ರಜೆಯ ಅರ್ಜಿ ಇಟ್ಟು ಹೋದರು. ಕಾರಣ: ಮೇಲ್ಮನವಿಗೆ ಸಹಿ ಹಾಕಲು ಕೋರ್ಟಿಗೆ ಹೋಗಬೇಕಾಗಿದೆ.

ಪಕ್ಕದಲ್ಲಿದ್ದ ಗುಮಾಸ್ತರು ಸ್ವರ ತಗ್ಗಿಸಿದರು. “ಅಪೀಲಿಗೆ ನಾಳೆನೇ ಕೊನೇ ದಿನ ಮೇಡಂ. ಪರೀಕ್ಷೆ ಹತ್ರ ಇದೆ, ರಜೆ ಇಲ್ಲ ಅಂತ ಬರೆದುಬಿಡಿ. ಯಾರೂ ಕೇಳಲ್ಲ.”

ಮೇಡಂ ಅರ್ಜಿಯನ್ನು ಎರಡು ಸಲ ಓದಿದರು. ತಿರಸ್ಕರಿಸಿದರೆ ನಾಲ್ಕು ತಿಂಗಳು ಕುರ್ಚಿ ಗಟ್ಟಿ. ಆ ಮನುಷ್ಯ ಇವತ್ತೇ ಹೊಟ್ಟೆನೋವೆಂದು ಹೇಳಿ ಹೋಗಬಹುದಿತ್ತು. ನಿಜವನ್ನೇ ಬರೆದು ಕೊಟ್ಟಿದ್ದಾರೆ, ಬರೆಯಬೇಕಾದ ಕಡೆ ಬಿಟ್ಟು. ಇಂಥವರಿಗೆ ಏನು ಮಾಡಬೇಕು? ಅಂದುಕೊಳ್ಳುತ್ತಲೇ ಸಹಿ ಹಾಕಿದರು. ಹಾಕಿದ ಮೇಲೆ ತಮ್ಮ ಮೇಲೆ ತಮಗೇ ಎಂಥ ಸಿಟ್ಟು ಬಂತೆಂದರೆ, ಗುಮಾಸ್ತರನ್ನು ಹೊರಗೆ ಕಳಿಸಿಬಿಟ್ಟರು.

ಮಾರನೇ ದಿನ ಹತ್ತನೇ ತರಗತಿಯ ವಿಜ್ಞಾನ ತೆಗೆದುಕೊಳ್ಳಲು ಯಾರೂ ಇರಲಿಲ್ಲ. ಮೇಡಂ ತಾವೇ ಹೋಗಿ, ತಮಗೆ ಗೊತ್ತಿದ್ದಷ್ಟು ಬೆಳಕಿನ ಪಾಠ ಮಾಡುತ್ತಿದ್ದರು. ಬಾಗಿಲಲ್ಲಿ ಡ್ರಿಲ್ ಮೇಷ್ಟ್ರು ಬಂದು ಕೈ ಹಿಸುಕಿಕೊಳ್ಳುತ್ತಾ ನಿಂತ.

“ಮೇಡಂ, ಕೋರ್ಟಿಂದ ವಿಜ್ಞಾನದ ಸಾರ್ ಫೋನ್ ಮಾಡಿದ್ರು. ತುರ್ತು ಅಂತ ಇವತ್ತೇ ತಡೆಯಾಜ್ಞೆ ಸಿಕ್ಕಿದೆಯಂತೆ. ಮತ್ತೆ ನಾನೇ… ನೋಡ್ಕೋಬೇಕಂತೆ.”

ಮೇಡಂ ಬೋರ್ಡಿನಿಂದ ಮುಖ ತಿರುಗಿಸಲಿಲ್ಲ.

“ಪಾಠ ಮುಗಿಯೋಕೆ ಇನ್ನೂ ಹದಿನೈದು ನಿಮಿಷ ಇದೆ,” ಎಂದರು. “ಅಲ್ಲಿವರೆಗೂ ನಾನೇ ಹೆಡ್‌ಮಿಸ್. ಹೊರಗೆ ನಿಂತ್ಕೊಂಡು ಕಾಯಪ್ಪ.”