ಮಾವ ತಂದ ಗಾಲಿಗಳು

ಸಂಡೂರಿನ ಕಾಲೇಜೊಂದರಲ್ಲಿ ನಾನು ಅರ್ಥಶಾಸ್ತ್ರ ಪಾಠ ಮಾಡುತ್ತೇನೆ. ಮನೆ ಇರುವುದು ಹೊಸಪೇಟೆಯಲ್ಲಿ. ಮೊದಲು ಬಸ್ಸಿಗೆ ಹೋಗಿ ಬರುತ್ತಿದ್ದೆ, ಕಾರು ಕಲಿತ ಮೇಲೆ ಮನೆಯ ಕಾರನ್ನೇ ಒಯ್ಯತೊಡಗಿದೆ. ನನ್ನವರಿಗೆ ಉಕ್ಕಿನ ಕಾರ್ಖಾನೆಯಲ್ಲಿ ಪಾಳಿಯ ಕೆಲಸ. ಅವರನ್ನು ಕರೆದೊಯ್ಯಲು ಕಾರ್ಖಾನೆಯ ಬಸ್ಸು ನಮ್ಮ ಓಣಿಯ ತುದಿಗೇ ಬರುತ್ತದೆ, ಹಾಗಾಗಿ ಕಾರು ನನ್ನ ಪಾಲಿಗೆ ಬಂತು. ಅತ್ತೆ ಮಾವ ನಮ್ಮ ಜೊತೆಗೇ ಇದ್ದಾರೆ. ಮಾವ ಕಂಪ್ಲಿಯಲ್ಲಿ ಬಹಳ ವರ್ಷ ಅಕ್ಕಿ ಅಂಗಡಿ ನಡೆಸಿದವರು. ಅದನ್ನು ತಮ್ಮನಿಗೆ ಬಿಟ್ಟುಕೊಟ್ಟು ಇಲ್ಲಿಗೆ ಬಂದಿದ್ದರು. ಮಾತು ಕಡಿಮೆ. ಮದುವೆಯಾಗಿ ಬಂದ ಹೊಸದರಲ್ಲಿ ಅವರು ನನ್ನ ಮೇಲೆ ಸಿಟ್ಟಾಗಿದ್ದಾರೆ ಎಂದೇ ನಾನು ತಿಳಿದಿದ್ದೆ. ಅದು ಸಿಟ್ಟಲ್ಲ, ಸೊಸೆಯ ಜೊತೆ ಏನು ಮಾತಾಡಬೇಕೆಂದು ತಿಳಿಯದ ಸಂಕೋಚ ಎಂದು ಗೊತ್ತಾಗಲು ಬಹಳ ಕಾಲ ಹಿಡಿಯಿತು.

ಸಂಡೂರಿನ ದಾರಿಯಲ್ಲಿ ಅದಿರಿನ ಲಾರಿಗಳು ಓಡಾಡುತ್ತವೆ. ಮಳೆ ಬಂದು ಹೋದ ಮೇಲೆ ಅವು ಮಾಡಿದ ಗುಂಡಿಗಳಲ್ಲಿ ಕೆಂಪು ನೀರು ನಿಂತು, ಯಾವುದು ಆಳ ಯಾವುದು ಮೇಲು ಎಂದು ತಿಳಿಯುವುದಿಲ್ಲ. ಅಂಥ ಒಂದು ಗುಂಡಿಗೆ ಬಿದ್ದು ನಮ್ಮ ಕಾರಿನ ಮುಂದಿನ ಗಾಲಿಯ ರಿಮ್ಮು ಅಂಚಿನಲ್ಲಿ ಸೊಟ್ಟಗಾಯಿತು. ತಟ್ಟಿಸಿ ಸರಿಮಾಡಿಸಿದೆವು. ಮತ್ತೆ ಸೊಟ್ಟಗಾಯಿತು, ಮತ್ತೆ ತಟ್ಟಿಸಿದೆವು. ಕೊನೆಗೆ ಅದು ಸೀಳು ಬಿಟ್ಟು, ಒಂದು ಮಧ್ಯಾಹ್ನ ಘಾಟಿನ ತಿರುವಿನಲ್ಲಿ ಗಾಳಿಯೆಲ್ಲ ಹೋಗಿ ಕಾರು ನಿಂತೇಬಿಟ್ಟಿತು. ಅದಿರಿನ ಲಾರಿಯವನೊಬ್ಬ ಇಳಿದು ಸ್ಟೆಪ್ನಿ ಹಾಕಿಕೊಟ್ಟ. ಅಷ್ಟರಲ್ಲಿ ಹತ್ತಿರದಲ್ಲೇ ಹಾದುಹೋದ ಲಾರಿಗಳು ಎಬ್ಬಿಸಿದ ಧೂಳು ನನ್ನ ತಲೆ, ಸೀರೆ, ಕಣ್ಣಿನ ರೆಪ್ಪೆಯ ಮೇಲೆಲ್ಲ ಕೂತಿತ್ತು.

ಮನೆಗೆ ಬಂದಾಗ ಮಾವ ಕಟ್ಟೆಯ ಮೇಲೆ ಕೂತಿದ್ದರು. ನನ್ನನ್ನು ನೋಡಿದರು, ಗಾಲಿಯನ್ನು ನೋಡಿದರು. "ಏನಾತವ್ವ?" ಎಂದರು. ಹೇಳಿದೆ. "ಒಬ್ಬಾಕಿನ ನಿಂತಿದ್ದೇನು ಅಲ್ಲಿ?" ಎಂದು ಕೇಳಿದರು. ಹೂಂ ಎಂದೆ. ಎದ್ದು ಒಳಗೆ ಹೋಗಿ, ಬಚ್ಚಲಿನ ಬಿಸಿನೀರಿನ ಸ್ವಿಚ್ಚು ಹಾಕಿ ಬಂದರು.

ಮುಂದಿನ ರಜೆಯ ದಿನ ನಾನು ತವರಿಗೆ ಹೋಗಿ ಸಂಜೆ ಹಿಂದಿರುಗಿದಾಗ, ಕಾರಿನ ನಾಲ್ಕೂ ಗಾಲಿಗಳ ಮೇಲೆ ಗೋಣಿತಾಟು ಹೊದಿಸಿತ್ತು. ಮಾವ ಒಂದೊಂದನ್ನೇ ತೆಗೆದರು. ಒಳಗೆ ಹೊಚ್ಚಹೊಸ ಅಲಾಯ್ ಗಾಲಿಗಳು. ಮೊದಲಿನವಕ್ಕಿಂತ ಅಗಲ, ದೊಡ್ಡವು, ಹೂವಿನ ಎಸಳಿನ ಹಾಗೆ ಕಡ್ಡಿಗಳು, ಮುಖ ಕಾಣುವಷ್ಟು ಹೊಳಪು.

"ಇನ್ನ ಸೀಳೋದಿಲ್ಲ ನೋಡವ್ವ," ಎಂದರು. "ಅಂಗಡ್ಯಾಗ ಇದ್ದಿದ್ದ್ರಾಗ ಇವ ಭಾಳ ಛಲೋ ಇದ್ವು."

ಅಪ್ಪ ಮಗ ಇಬ್ಬರೂ ಕೂಡಿಯೇ ಅಂಗಡಿಗೆ ಹೋಗಿದ್ದರಂತೆ. ಆದರೆ ನನ್ನವರು ರಾತ್ರಿ ಪಾಳಿ ಮುಗಿಸಿ ಬಂದು ಮಲಗದೆಯೇ ಹೋಗಿದ್ದರಿಂದ ಅಂಗಡಿಯ ಬೆಂಚಿನ ಮೇಲೆ ನಿದ್ದೆ ಮಾಡಿಬಿಟ್ಟಿದ್ದರು. ಆರಿಸಿದ್ದೆಲ್ಲ ಮಾವನೇ. ಸ್ಟೆಪ್ನಿಗೆ ಒಂದನ್ನು ಉಳಿಸಿಕೊಂಡು ಹಳೆಯ ಗಾಲಿಗಳನ್ನು ಅಂಗಡಿಯವನಿಗೇ ಕೊಟ್ಟು ಬಂದಿದ್ದರು. ನಾನು ಗಾಲಿಯ ಮುಂದೆ ಕೂತು ಅದರ ಹೊಳಪಿನಲ್ಲಿ ನನ್ನ ಮುಖ ನೋಡಿಕೊಂಡೆ. ಮಾವ ನಕ್ಕಿದ್ದನ್ನು ಆವತ್ತು ಸರಿಯಾಗಿ ನೋಡಿದೆ.

ಅಂದಿನಿಂದ ಅವರಿಗೊಂದು ಕೆಲಸ ಸಿಕ್ಕಿತು. ನಾನು ಕಾಲೇಜಿನಿಂದ ಬಂದ ಕೂಡಲೇ ಒಂದು ಬಕೆಟ್ಟು ನೀರು, ಹಳೆಯ ಬನಿಯನ್ನಿನ ತುಂಡು ಹಿಡಿದು ಗಾಲಿಗಳ ಕೆಂಪು ಧೂಳನ್ನು ಒರೆಸುತ್ತಿದ್ದರು. ಎಸಳುಗಳ ಸಂದಿಯೊಳಗೆ ಬೆರಳಿಗೆ ಬಟ್ಟೆ ಸುತ್ತಿ ತಿಕ್ಕುತ್ತಿದ್ದರು. ಅತ್ತೆ ಒಳಗಿನಿಂದ, "ನನ್ನ ಹಿತ್ತಾಳಿ ಕೊಡಾನೂ ಹೊರಗ ಇಡ್ತೀನಿ, ಹೆಂಗೂ ತಿಕ್ಕಾಕ ಕುಂತೀರಲ್ಲ, ಅದನ್ನೂ ತಿಕ್ಕ್ರಿ," ಎನ್ನುತ್ತಿದ್ದರು.

ಜೋರಾಗಿ ಓಡಿಸಿದಾಗ ಸ್ಟೇರಿಂಗು ಕೈಯಲ್ಲಿ ಸಣ್ಣಗೆ ನಡುಗುತ್ತಿತ್ತು. ಸಂಡೂರಿನ ರಸ್ತೆಯಲ್ಲಿ ನಡುಗದ ವಸ್ತು ಯಾವುದಿದೆ? ರಸ್ತೆಯದೇ ಅಂದುಕೊಂಡೆ.

ಸುಗ್ಗಿ ಮುಗಿದ ಮೇಲೆ ಕಂಪ್ಲಿಯ ಚಿಕ್ಕಮಾವ ಹೊಸ ಅಕ್ಕಿ ಒಯ್ಯಲು ಕರೆದರು. ಭಾನುವಾರ ನಾಲ್ಕೂ ಜನ ಹೋದೆವು. ಊಟ ಮಾಡಿ, ಡಿಕ್ಕಿಯ ತುಂಬ ಅಕ್ಕಿಯ ಚೀಲ ಹಾಕಿಕೊಂಡು ಹೊರಟೆವು. ಊರಿನ ಮೊದಲ ತಿರುವಿನಲ್ಲೇ ಹಿಂದಿನಿಂದ ಕರ್ ಎಂದು ಸದ್ದು ಬಂತು. ಚೀಲ ಸರಿದಿರಬೇಕು ಎಂದರು ನನ್ನವರು. ನೇರ ರಸ್ತೆಯಲ್ಲಿ ಸದ್ದಿರಲಿಲ್ಲ, ಕಬ್ಬಿನ ಗದ್ದೆಯ ತಿರುವುಗಳಲ್ಲಿ ಮತ್ತೆ ಬಂತು. ಹೊಸ ಅಕ್ಕಿ ಬಂದಾಗ ಒಂದು ಹಿಡಿ ದೇವರಿಗೆ ಕೊಡುವುದು ಅತ್ತೆಯ ಪದ್ಧತಿ, ಹಾಗಾಗಿ ದಾರಿಯಲ್ಲಿ ಹಂಪಿಗೆ ತಿರುಗಿದೆವು. ಅಲ್ಲಿ ಗಾಡಿ ನಿಲ್ಲಿಸುವ ಜಾಗದಲ್ಲಿ ಸ್ಟೇರಿಂಗನ್ನು ಪೂರ್ತಿ ತಿರುಗಿಸಿದೆ. ಕಬ್ಬಿನ ಗಾಣಕ್ಕೆ ಕಲ್ಲು ಸಿಕ್ಕ ಹಾಗೆ ಸದ್ದಾಗಿ, ಎಳನೀರು ಕುಡಿಯುತ್ತಿದ್ದ ಪ್ರವಾಸಿಗಳೆಲ್ಲ ನಮ್ಮ ಕಡೆ ತಿರುಗಿದರು. ಸುಟ್ಟ ರಬ್ಬರಿನ ವಾಸನೆ ಬಂತು.

ಮಾವ ಇಳಿದು ಕುಕ್ಕರಗಾಲಿನಲ್ಲಿ ಕೂತು ನೋಡಿದರು. ನಾನೂ ಇಳಿದೆ. ಟೈರಿನ ಹೊರ ಅಂಚು ಮಡ್ಗಾರ್ಡಿನ ಒಳಕ್ಕೆ ಉಜ್ಜಿ ಉಜ್ಜಿ, ಸೌತೆಕಾಯಿ ಹೆರೆದ ಹಾಗೆ ಹೆರೆದುಹೋಗಿತ್ತು. ನಾನೊಬ್ಬಳೇ ಹೋಗುವಾಗ ಕಾರು ಹಗುರ, ಅದಕ್ಕೇ ತಾಗುತ್ತಿರಲಿಲ್ಲ. ಮನೆಮಂದಿ, ಅಕ್ಕಿ ಎಲ್ಲ ಸೇರಿ ಕಾರು ಕೆಳಗೆ ಕೂತಾಗ ಅಗಲದ ಟೈರು ತಾಗುತ್ತಿತ್ತು.

ಮಾವ ಆ ಅಂಚಿನ ಮೇಲೆ ಹೆಬ್ಬೆರಳು ಆಡಿಸಿದರು. "ಇದು ಘಾಟಿನ್ಯಾಗ ಒಡದಿದ್ದ್ರ?" ಎಂದರು, ನನಗೆ ಅಲ್ಲ, ಗಾಲಿಗೆ. ಗುಡಿಯೊಳಗೆ ಬರಲಿಲ್ಲ. ನಾವು ಹೊರಗೆ ಬಂದಾಗಲೂ ಕಾರಿನ ಪಕ್ಕದಲ್ಲೇ ನಿಂತಿದ್ದರು. ಅವರೂ ಅತ್ತೆಯೂ ಅಕ್ಕಿಯ ಒಂದಷ್ಟು ಚೀಲವೂ ಆಟೋದಲ್ಲಿ ಬಂದರು. ಕಾರನ್ನು ನಾವಿಬ್ಬರೂ ನಿಧಾನವಾಗಿ ಮನೆ ಮುಟ್ಟಿಸಿದೆವು.

ಮರುದಿನ ಬೆಳಿಗ್ಗೆ ನಾನು ಹೊರಡುವ ಹೊತ್ತಿಗೆ ಮಾವ ಬಾಗಿಲಲ್ಲಿ ನಿಂತಿದ್ದರು. "ಬಸ್ಸಿಗೆ ಹೋಗವ್ವ. ಆ ಗಾಡಿ ಬ್ಯಾಡ." ಆ ವಾರವೆಲ್ಲ ಬಸ್ಸಿಗೇ ಹೋದೆ. ಬಕೆಟ್ಟು ಬಚ್ಚಲಲ್ಲೇ ಬೋರಲು ಬಿದ್ದಿತ್ತು. ಮಾವ ಸಂಜೆ ಕಟ್ಟೆಗೆ ಬರುವುದನ್ನೇ ಬಿಟ್ಟಿದ್ದರು. ಊಟಕ್ಕೆ ಕರೆದರೆ ಬರುತ್ತಿದ್ದರು, ಉಂಡು ಏಳುತ್ತಿದ್ದರು. ಗಾಲಿ ಹಾಕಿಕೊಟ್ಟ ಅಂಗಡಿಯವನ ಹತ್ತಿರ ಹೋಗಿ ನನ್ನವರು ಜಗಳ ತೆಗೆಯಲು ಹೊರಟಾಗ, "ಅವನದೇನ್ ತಪ್ಪು? ಇದ ಬೇಕು ಅಂತ ಬೆರಳು ಮಾಡಿದಾಂವ ನಾನು," ಎಂದು ಮಾವ ತಡೆದರು.

ಅವರನ್ನು ಹಾಗೆ ನೋಡಲಾಗಲಿಲ್ಲ. ಹೆರೆದುಹೋದ ಟೈರಿಗಿಂತ ಅದೇ ನನಗೆ ಹೆಚ್ಚು ಸಂಕಟವಾಯಿತು. ಶನಿವಾರ ಮಧ್ಯಾಹ್ನ ಅವರ ಕೋಣೆಯ ಬಾಗಿಲಿಗೆ ಹೋಗಿ, "ಮಾವಾರ, ಗಾಲಿ ನೋಡಾಕ ಹೊಂಟೀನಿ. ಬರ್ರಿ," ಎಂದೆ.

"ನಾನ್ಯಾಕವ್ವ ಇನ್ನ? ನೀವಿಬ್ಬರ ಹೋಗ್ರಿ."

"ಅವರಿಗೆ ಮತ್ತ ಬೆಂಚು ಸಿಗತೈತಿ, ಮಲಗಿಬಿಡ್ತಾರ. ನನಗ ಒಬ್ಬಾಕಿಗೆ ತಿಳಿಯಂಗಿಲ್ಲ ಮಾವಾರ."

ಮಾವ ಎದ್ದು ಗೂಟದಿಂದ ಟವೆಲ್ಲು ತೆಗೆದುಕೊಂಡು ಹೆಗಲ ಮೇಲೆ ಹಾಕಿಕೊಂಡರು.

ಈ ಸಲ ಹೋದದ್ದು ಡ್ಯಾಮಿನ ರಸ್ತೆಯ ಬೇರೆ ಅಂಗಡಿಗೆ. ನಡುವಯಸ್ಸಿನ ಮಾಲೀಕ, ಅವಸರವಿಲ್ಲದ ಮನುಷ್ಯ. ಮಾವ ಒಳಗೆ ಬರದೆ ಹೊರಗಿನ ಕುರ್ಚಿಯಲ್ಲೇ ಕೂತರು. ನಾನು ನಡೆದದ್ದನ್ನೆಲ್ಲ ಹೇಳಿದೆ. ಮಾಲೀಕ ಡಿಕ್ಕಿಯಿಂದ ಸ್ಟೆಪ್ನಿ ತೆಗೆಸಿದ. ಅದೊಂದು ಮಾತ್ರ ಕಾರಿನ ಜೊತೆ ಬಂದ ಮೂಲ ಗಾಲಿ. ಹೊಳೆಯುವ ಗಾಲಿಯೊಂದನ್ನು ಬಿಚ್ಚಿಸಿ, ಎರಡನ್ನೂ ಅಕ್ಕಪಕ್ಕ ಬೋರಲು ಹಾಕಿದ.

"ಬೋಲ್ಟಿನ ತೂತು ಎರಡಕ್ಕೂ ಸರಿ ಅದಾವ ನೋಡ್ರಿ ಮೇಡಮ್. ಅದಕ್ಕ ಕೂತೈತಿ. ಆದ್ರ ಈ ಹೊಸದರ ನಡುವಿನ ತೂತು ನಿಮ್ಮ ಗಾಡಿಗಿಂತ ದೊಡ್ಡದೈತಿ. ಗಾಲಿ ನಟ್ಟನಡುವ ಕುಂದ್ರೂದಿಲ್ಲ. ಜೋರು ಹೋದ್ರ ಸ್ಟೇರಿಂಗ್ ನಡಗಿರಬೇಕಲ್ಲ?"

ನಾನು ಹೂಂ ಎಂದೆ. ಹೊರಗಿನ ಕುರ್ಚಿ ಸರಿದ ಸದ್ದು ಕೇಳಿಸಿತು.

ಅವನು ರಿಮ್ಮಿನ ಮೇಲೆ ಅಡ್ಡ ಒಂದು ಪಟ್ಟಿ ಇಟ್ಟು, ಬೋಲ್ಟು ಕೂಡುವ ಜಾಗ ಅಲ್ಲಿಂದ ಎಷ್ಟು ಆಳದಲ್ಲಿದೆ ಎಂದು ಅಳೆದ. ಮೂಲ ಗಾಲಿಯಲ್ಲಿ ಅದು ಹೆಚ್ಚು ಆಳ, ಆದ್ದರಿಂದ ಗಾಲಿ ಕಾರಿನ ಒಳಕ್ಕೆ ಸರಿದು ಕೂಡುತ್ತದೆ. ಹೊಸದರಲ್ಲಿ ಆಳ ಕಡಿಮೆ, ಗಾಲಿ ಹೊರಗೆ ಚಾಚುತ್ತದೆ. ಮೇಲೆ ಟೈರೂ ಅಗಲ. ಇದನ್ನು ಅವನು ಹೇಳುತ್ತಿರುವಾಗಲೇ ಮಾವ ನನ್ನ ಹಿಂದೆ ಬಂದು ನಿಂತಿದ್ದರು.

"ಇನ್ನೊಮ್ಮೆ ಅಳೀರಿ," ಎಂದರು. ಅವನು ಅಳೆದ. ಮಾವ ಬಗ್ಗಿ ನೋಡಿ, ಪಟ್ಟಿಯನ್ನು ತಾವೇ ತೆಗೆದುಕೊಂಡು ಎರಡರಲ್ಲೂ ಇಳಿಬಿಟ್ಟು ನೋಡಿದರು. "ಹಿಂಬದಿ ನೋಡಲೇ ಇಲ್ಲ ನಾನು," ಎಂದರು. ದನಿಯಲ್ಲಿ ಆ ವಾರದ ಭಾರ ಇರಲಿಲ್ಲ. ಅಕ್ಕಿ ಕೊಳ್ಳುವಾಗ ಚೀಲದ ತಳದಿಂದ ಹಿಡಿ ತೆಗೆದು ನೋಡಿದ ಕೈ ಅದು. ಅದಕ್ಕೆ ಕೆಲಸ ಸಿಕ್ಕಿತ್ತು.

ಕಾರಿಗೆ ಒಪ್ಪುವ ಅಳತೆಯಲ್ಲಿ ಅಲಾಯ್ ಗಾಲಿಗಳೂ ಇದ್ದವು, ಮೂಲದಂಥ ಕರಿಯ ಉಕ್ಕಿನ ಗಾಲಿಗಳೂ ಇದ್ದವು. ಮಾವನ ಕಣ್ಣು ಅಲಾಯ್ ಕಡೆಗೇ ಹೋಗುತ್ತಿತ್ತು. ನಾನು ಉಕ್ಕಿನದಿರಲಿ ಎಂದೆ.

"ಕರ್ರಗ ಅದಾವಲ್ಲವ್ವ."

"ಸಂಡೂರು ದಾರಿ ಮಾವಾರ. ಸೊಟ್ಟಾದ್ರ ತಟ್ಟಿಸಬಹುದು. ಜಾಸ್ತಿ ಪೆಟ್ಟಾದ್ರ ಈ ಸಲ ತಟ್ಟಿಸದ ಬದಲಿಸೋಣು." ಆಮೇಲೆ, "ಮ್ಯಾಲಿನ ಮುಚ್ಚಳ ನೀವ ಆರಿಸ್ರಿ," ಎಂದೆ.

ಗಾಲಿಯ ಮೇಲೆ ಹಾಕುವ ಬೆಳ್ಳಿಬಣ್ಣದ ಪ್ಲಾಸ್ಟಿಕ್ ಮುಚ್ಚಳಗಳು ಗೋಡೆಯ ತುಂಬ ನೇತಾಡುತ್ತಿದ್ದವು. ಮಾವ ಅವುಗಳ ಮುಂದೆ ಎಷ್ಟು ಹೊತ್ತು ನಿಂತರೆಂದರೆ, ನಾಲ್ಕೂ ಗಾಲಿಗೆ ಟೈರು ಏರಿಸಿ ಕೂಡಿಸಿಯೇ ಆಯಿತು.

ಮಾಲೀಕ ಕೀಲಿ ಕೊಡಲು ಬಂದಾಗ ಮಾವ ಕೈ ಅಡ್ಡ ಮಾಡಿದರು. "ಈಗ ಗಾಡಿ ಖಾಲಿ ಐತಿ. ಮಂದಿ ಕುಂತ್ರ ಹೆಂಗ?" ಅತ್ತೆಗೆ ಫೋನು ಹೋಯಿತು. ಅತ್ತೆ ಆಟೋದಲ್ಲಿ ಬಂದರು, ಜೊತೆಗೆ ನಿದ್ದೆಗಣ್ಣಿನ ನನ್ನವರು. ಇಬ್ಬರನ್ನೂ ಹಿಂದೆ ಕೂಡಿಸಿದರು. ಸಾಲದೆಂದು ಮಾಲೀಕನನ್ನೂ ಅವರ ಪಕ್ಕಕ್ಕೆ ಕೂಡಿಸಿದರು. ಡಿಕ್ಕಿಗೆ ಅಂಗಡಿಯ ಹಳೆಯ ಟೈರು, ರಿಮ್ಮುಗಳನ್ನು ತುಂಬಿಸಿದರು. ನಾನು ಅಂಗಡಿಯ ಅಂಗಳದಲ್ಲಿ ನಿಧಾನವಾಗಿ ಸುತ್ತು ಹೊಡೆದೆ, ಬಲಕ್ಕೆ ಪೂರ್ತಿ, ಎಡಕ್ಕೆ ಪೂರ್ತಿ. ಮಾವ ಕಾರಿನ ಪಕ್ಕ ಬಗ್ಗಿಕೊಂಡು ಕಿವಿಗೊಟ್ಟು ನಡೆಯುತ್ತಿದ್ದರು.

"ಇನ್ನೊಂದು ಸುತ್ತು," ಎಂದರು.

ಅತ್ತೆ ಕಿಟಕಿ ಇಳಿಸಿದರು. "ಅಕ್ಕಿಚೀಲ ಮಾಡಿಟ್ಟ್ರೀ ನನ್ನ. ಇಳೀಲೇನು?"

"ಕುಂದ್ರು ಸುಮ್ನ. ನಿನ್ನ ಭರವಸೆ ಮ್ಯಾಲ ನಡದೈತಿ ಇದು."

ಹೊಲಿಗೆ ಬಲ್ಲ ಅತ್ತೆ ಆಮೇಲೆ ಇಳಿದು ಗಾಲಿಯ ಸಂದಿಯನ್ನು ನೋಡಿ, "ಕುಬಸ ಹೊಲಿದಂಗ ಇದು. ತೋಳು ಹೊಂದಿದ್ರ ಆತೇನು, ಕಂಕಳ ಹಿಡೀಬಾರದಲ್ಲ. ನನ್ನ ಕೇಳಿದ್ದ್ರ ಹೇಳ್ತಿದ್ದೆ," ಎಂದರು. ಮಾವ ಅದಕ್ಕೂ ತಲೆಯಾಡಿಸಿದರು. ಸದ್ದೇನೂ ಬರಲಿಲ್ಲ. ಹೊಳೆಯುವ ಗಾಲಿಗಳು ನನ್ನವರ ಜೊತೆ ಕೆಲಸ ಮಾಡುವವರೊಬ್ಬರ ದೊಡ್ಡ ಕಾರಿಗೆ ಸರಿಹೊಂದಿ, ಅಲ್ಲಿಗೆ ಹೋದವು. ಅವರು ಗಾಲಿಗಳನ್ನು ಒಯ್ಯುವ ಮೊದಲು ಮಾವ ಹಿಂಬದಿಯನ್ನು ಅಳೆದು ನೋಡಿಯೇ ಕಳಿಸಿದರು.

ಸೋಮವಾರ ನಾನು ಕಾಲೇಜಿಗೆ ಹೊರಟಾಗ ಮಾವ ಇಸ್ತ್ರಿಯ ಅಂಗಿ ಹಾಕಿಕೊಂಡು ಕಾರಿನ ಮುಂದಿನ ಸೀಟಿನಲ್ಲಿ ಕೂತಿದ್ದರು. "ಜೋರು ಹೋದಾಗ ನಡಗತೈತೋ ಇಲ್ಲೋ ನೋಡಬೇಕು," ಎಂದರು. ನೇರ ರಸ್ತೆ ಸಿಕ್ಕಾಗ ವೇಗ ಹೆಚ್ಚಿಸಿದೆ. ಅವರು ಅಂಗೈಯನ್ನು ಡ್ಯಾಶ್‌ಬೋರ್ಡಿನ ಮೇಲೆ ಚಪ್ಪಟೆಯಾಗಿ ಇಟ್ಟು, ಜ್ವರ ನೋಡುವವರ ಹಾಗೆ ಕಣ್ಣು ಮುಚ್ಚಿದರು. "ಇಲ್ಲ," ಎಂದು ಕೈ ತೆಗೆದರು.

ಘಾಟು ಏರಿದ ಮೇಲೆ ಗುಡ್ಡಗಳ ನಡುವೆ ಸಂಡೂರು ಕಾಣುವ ತಿರುವಿನಲ್ಲಿ, "ಸ್ವಲ್ಪ ನಿಲ್ಲಿಸವ್ವ," ಎಂದರು. ಇಳಿದು ರಸ್ತೆಯಂಚಿನಲ್ಲಿ ನಿಂತರು. ಗಾಲಿ ನೋಡುತ್ತಾರೆ ಅಂದುಕೊಂಡೆ. ಅವರು ಕೆಳಗಿನ ಊರನ್ನು ನೋಡುತ್ತಿದ್ದರು. ನಾನೂ ಇಳಿದು ಅವರ ಪಕ್ಕಕ್ಕೆ ಹೋದೆ.

"ನನಗ ಮೊದಲ ಹೆಣ್ಣು ನೋಡಿದ್ದು ಇದ ಊರಾಗ," ಎಂದರು. "ಬಸ್ಸಿಗೆ ಬಂದಿದ್ವಿ. ಉಪ್ಪಿಟ್ಟು ಕೊಟ್ಟ್ರು. ಒಲ್ಲೆ ಅಂತ ಹೇಳಿ ಕಳಿಸಿದ್ಲಂತ ಆಕಿ. ಮಾತ ಆಡೂದಿಲ್ಲ ಈ ಹುಡುಗ, ಮೂಗ ಇರಬೇಕು ಅಂದ್ಲಂತ."

ನನಗೆ ನಗು ತಡೆಯಲಾಗಲಿಲ್ಲ. ಅವರೂ ನಕ್ಕರು.

"ಅತ್ತಿಯಾರಿಗೆ ಗೊತ್ತೈತೇನ್ರಿ?"

"ಎಲ್ಲಾ ಗೊತ್ತೈತಿ. ನಾನು ಇಲ್ಲಿ ಇಳಿದು ನಿಂತು ನೆನಸಿಕೊಂಡೆ ಅನ್ನೂದು ಒಂದು ಗೊತ್ತಾಗೂದು ಬ್ಯಾಡ."

ಹೇಳುವುದಿಲ್ಲ ಎಂದೆ. ಅದಿರಿನ ಲಾರಿಯೊಂದು ಕೂಗುತ್ತ ಮೇಲೆ ಬಂತು. ಮಾವ ನನ್ನ ಮೊಣಕೈ ಹಿಡಿದು ರಸ್ತೆಯಿಂದ ಪಕ್ಕಕ್ಕೆ ಎಳೆದುಕೊಂಡರು. ಅದು ಹೋಗಿ ಧೂಳು ಅಡಗುವವರೆಗೆ ತಮ್ಮ ಹೆಗಲ ಟವೆಲ್ಲನ್ನು ನನ್ನ ಮುಖಕ್ಕೆ ಅಡ್ಡ ಹಿಡಿದು ನಿಂತಿದ್ದರು. ಆಮೇಲೆ ಇಬ್ಬರೂ ಕಾರು ಹತ್ತಿದೆವು. ಊರು ಮುಟ್ಟುವತನಕ ಅವರು ಕಂಪ್ಲಿಯ ಅಂಗಡಿಯ ಕಥೆ ಹೇಳುತ್ತಲೇ ಇದ್ದರು. ನನಗೆ ಮೊದಲ ತರಗತಿಗೆ ತಡವಾಯಿತು.